ನಾನೇ ಅಂಟಿಸಿ ಬಂದ ನೋಟಿಸು

ಶಿಕ್ಷಣ ಇಲಾಖೆಯಲ್ಲಿ ಗುಮಾಸ್ತನಾಗಿ ನನಗೆ ಇಪ್ಪತ್ತೆಂಟು ವರ್ಷ ಆಗುತ್ತಾ ಬಂತು. ಮನೆ ದೊಡ್ಡಬಳ್ಳಾಪುರದಲ್ಲಿ. ನಮ್ಮ ಬೀದಿಯಲ್ಲಿ ಬೆಳಗಾದರೆ ಮಗ್ಗಗಳ ಸದ್ದು ಶುರು. ಹೊರಗಿನಿಂದ ಬಂದವರು ಕೂಗಿ ಮಾತಾಡುತ್ತಾರೆ, ನಾವು ಮಾಮೂಲಿ ದನಿಯಲ್ಲೇ ಮಾತಾಡಿಕೊಳ್ಳುತ್ತೇವೆ. ನನ್ನ ಹೆಂಡತಿ ಮನೆಯಲ್ಲಿ ಕೂತು ಸೀರೆ ಸೆರಗಿಗೆ ಕುಚ್ಚು ಕಟ್ಟುತ್ತಾಳೆ. ನಾನು ಬಸ್ಸು ಹತ್ತಿ ಕಚೇರಿಗೆ ಹೋಗುತ್ತೇನೆ. ಆ ಕಾಲದಲ್ಲಿ ನಾನಿದ್ದ ಕಚೇರಿ ಜಿಲ್ಲೆಯ ಯಾವ ತಾಲ್ಲೂಕಿನದು ಅಂತ ಇಲ್ಲಿ ಬರೆಯುವುದಿಲ್ಲ. ತಪ್ಪು ಕಚೇರಿಯದ್ದಕ್ಕಿಂತ ಹೆಚ್ಚಾಗಿ ನನ್ನದು.

ನನ್ನ ಮೇಜಿಗೆ ಬರುತ್ತಿದ್ದದ್ದು ಶಿಸ್ತುಕ್ರಮದ ಕಡತಗಳು. ಯಾವ ಮೇಷ್ಟ್ರು ಹೇಳದೆ ಕೇಳದೆ ಶಾಲೆಗೆ ಬರುತ್ತಿಲ್ಲ, ಯಾರ ಮೇಲೆ ದೂರು ಬಂದಿದೆ, ಯಾರಿಗೆ ನೋಟಿಸು ಹೋಗಬೇಕು, ಇಂಥವು. ಮನುಷ್ಯರನ್ನು ನೋಡುವುದಕ್ಕಿಂತ ಮೊದಲು ಅವರ ಕಡತ ನೋಡಿರುತ್ತಿದ್ದೆ. ಎಷ್ಟೋ ಜನರ ಮುಖವನ್ನು ಕೊನೆಯವರೆಗೂ ನೋಡಿದ್ದೇ ಇಲ್ಲ.

ಈ ಟೀಚರ ಕಡತ ಬಂದಾಗಲೂ ಅವರ ಮುಖ ನನಗೆ ಗೊತ್ತಿರಲಿಲ್ಲ. ಹಳ್ಳಿಯ ಸಣ್ಣ ಸರ್ಕಾರಿ ಶಾಲೆ, ಒಂದನೇ ತರಗತಿ ಮಕ್ಕಳಿಗೆ ಅಕ್ಷರ ಕಲಿಸುವ ಕೆಲಸ, ಹದಿನೇಳು ವರ್ಷದ ಸೇವೆ. ಅಲ್ಲಿಯವರೆಗೆ ಒಂದು ಕಪ್ಪುಚುಕ್ಕೆಯೂ ಇರಲಿಲ್ಲ. ಹದಿನೈದು ದಿನ ರಜೆ ಹಾಕಿ ಹೋದವರು ಐದು ತಿಂಗಳಾದರೂ ಬಂದಿಲ್ಲ, ರಜೆ ಮುಂದುವರಿಸಿ ಅಂತ ಅರ್ಜಿಯೂ ಕಳಿಸಿಲ್ಲ ಎಂದು ಮುಖ್ಯ ಶಿಕ್ಷಕರು ವರದಿ ಕಳಿಸಿದ್ದರು. ನೀವು ಮಾಡಿರುವ ತಪ್ಪು ಇಂಥದ್ದು, ಇದಕ್ಕೆ ಉತ್ತರ ಕೊಡಿ ಎಂದು ಕೇಳುವ ದೋಷಾರೋಪಣ ಪಟ್ಟಿಯನ್ನು ರಿಜಿಸ್ಟರ್ ಅಂಚೆಯಲ್ಲಿ ಅವರ ಮನೆಗೆ ಕಳಿಸಿದೆವು. 'ಮನೆಗೆ ಬೀಗ ಹಾಕಿದೆ' ಎಂಬ ಷರಾ ಬರೆಸಿಕೊಂಡು ಅದು ವಾಪಸ್ ಬಂತು. ಇನ್ನೊಮ್ಮೆ ಕಳಿಸಿದೆವು. ಆಗಲೂ ಅದೇ.

ನಮ್ಮ ಸಾಹೇಬರು ಕರೆದರು. "ಏನಪ್ಪಾ, ಇದೊಂದನ್ನ ಎಷ್ಟು ದಿನ ಎಳೀತೀಯಾ? ನೀನೇ ಹೋಗಿ ಬಾಗಿಲಿಗೆ ಅಂಟಿಸಿ, ಮಹಜರು ಮಾಡ್ಕೊಂಡು ಬಾ. ಸಂಜೆ ಒಳಗೆ ನನ್ನ ಟೇಬಲ್ ಮೇಲಿರಬೇಕು."

ಮಹಜರು ಅಂದರೆ ಸ್ಥಳಕ್ಕೆ ಹೋಗಿ ಕಂಡದ್ದನ್ನು, ಕೇಳಿದ್ದನ್ನು ಇಬ್ಬರು ಸಾಕ್ಷಿಗಳ ಎದುರಿಗೆ ಬರೆದು ಸಹಿ ಹಾಕಿಸಿಕೊಳ್ಳುವ ಕಾಗದ. ಅದರಲ್ಲಿ ಬರೆದದ್ದೇ ಆಮೇಲೆ ಸತ್ಯ ಅಂತ ಆಗಿಬಿಡುತ್ತದೆ.

ಅವರ ಬಾಡಿಗೆ ಮನೆ ಡಾಬಸ್‌ಪೇಟೆ ಕಡೆಗಿತ್ತು. ಗಂಡನಿಗೆ ಸೋಂಪುರದ ಒಂದು ಕಾರ್ಖಾನೆಯಲ್ಲಿ ಕೆಲಸ, ಹಾಗಾಗಿ ಅಲ್ಲಿ ಮನೆ ಮಾಡಿಕೊಂಡಿದ್ದರು. ಹೋದಾಗ ಬೀಗ ಹಾಗೇ ಇತ್ತು. ಪಕ್ಕದ ಮನೆಯ ಜಗಲಿ ಮೇಲೆ ಒಬ್ಬ ಅಜ್ಜಿ ಅವರೆಕಾಯಿ ಬಿಡಿಸುತ್ತ ಕೂತಿದ್ದರು. ಟೀಚರು ಎಲ್ಲಿ ಅಂತ ಕೇಳಿದೆ.

"ಅಯ್ಯೋ, ಅವ್ರು ಇಲ್ಲ ಕಣಪ್ಪಾ. ಆ ವಯ್ಯಂಗೆ ಲಕ್ವ ಹೊಡ್ದುಬಿಡ್ತು. ಒಂದು ಕಡೆ ಕೈಕಾಲು ಬಿದ್ದೋಯ್ತು, ಮಾತೂ ನಿಂತೋಯ್ತು. ಆಸ್ಪತ್ರೇಲಿ ಬಾಳ ದಿನ ಇದ್ರು. ಈಗ ಸಾಸಲು ಹತ್ರ ಆಯಮ್ಮನ ಅಣ್ಣನ ಮನೇಲವ್ರೆ. ಯಾರಾನ ಬಂದ್ರೆ ಕೊಡಿ ಅಂತ ನಂಬರು ಬರ್ದುಕೊಟ್ಟು ಹೋಗವ್ರೆ, ತಾಳು."

ಒಳಗೆ ಹೋಗಿ ಹಳೇ ಕ್ಯಾಲೆಂಡರಿನ ಹಾಳೆ ತಂದುಕೊಟ್ಟರು. ಅದರ ಹಿಂದೆ ದುಂಡಗೆ ಬರೆದ ಫೋನ್ ನಂಬರು, ಅಣ್ಣನ ಊರಿನ ಹೆಸರು. ನನ್ನ ಜೇಬಿನ ಡೈರಿಯಲ್ಲಿ ಎರಡನ್ನೂ ಬರೆದುಕೊಂಡೆ. ಆಮೇಲೆ ಬಾಗಿಲಿಗೆ ಗೋಂದು ಸವರಿ ನೋಟಿಸು ಅಂಟಿಸಿದೆ. ಎದುರಿನ ಅಂಗಡಿಯವರಿಂದಲೂ ಮೇಲಿನ ಮನೆಯವರಿಂದಲೂ ಸಾಕ್ಷಿ ಸಹಿ ಹಾಕಿಸಿಕೊಂಡೆ.

ಮಹಜರು ಬರೆಯುವಾಗ ಹಿಂದಿನ ಒಂದು ಕಡತದ ನಕಲನ್ನು ಪಕ್ಕದಲ್ಲಿಟ್ಟುಕೊಂಡು ಬರೆಯುವುದು ನನ್ನ ಅಭ್ಯಾಸ. ಆ ನಕಲಿನಲ್ಲಿ ಒಂದು ಸಾಲಿತ್ತು: 'ಸದರಿಯವರ ಹಾಲಿ ವಿಳಾಸವು ತಿಳಿದುಬಂದಿರುವುದಿಲ್ಲ.' ನಾನು ಅದನ್ನೂ ಇಳಿಸಿದೆ. ಬರೆಯುವಾಗ ಕೈ ನಿಂತಿತ್ತು, ನೆನಪಿದೆ. ವಿಳಾಸ ತಿಳಿದಿದೆ ಅಂತ ಬರೆದರೆ ಮತ್ತೆ ಅಂಚೆ ಕಳಿಸಬೇಕು, ಮತ್ತೆ ಹದಿನೈದು ದಿನ ಕಾಯಬೇಕು, ಸಾಹೇಬರು ಮತ್ತೆ ರೇಗುತ್ತಾರೆ. ನಾಳೆ ನಾನೇ ಆ ನಂಬರಿಗೆ ಫೋನ್ ಮಾಡಿ ಹೇಳಿದರಾಯಿತು ಅಂದುಕೊಂಡೆ. ಮಾರನೇ ದಿನ ಬೇರೆ ಕೆಲಸ ಬಂತು. ಅದರ ಮಾರನೇ ದಿನವೂ ಬಂತು. ಆ ಟೀಚರ ಮೇಲೆ ನನಗೆ ಯಾವ ದ್ವೇಷವೂ ಇರಲಿಲ್ಲ. ಸಾಸಲು ನಮ್ಮೂರಿನಿಂದ ಒಂದು ಬಸ್ಸಿನ ದೂರ. ಭಾನುವಾರ ಹೋಗಿ ಬರಬಹುದಿತ್ತು. ಹೋಗಲಿಲ್ಲ.

ವಿಚಾರಣೆ ಅವರಿಲ್ಲದೆಯೇ ನಡೆಯಿತು. ವಿಳಾಸವೇ ಇಲ್ಲದವರಿಗೆ ಕಾಯುವುದೇನು? ವಿಚಾರಣಾಧಿಕಾರಿ ಆರೋಪ ರುಜುವಾತಾಗಿದೆ ಎಂದು ವರದಿ ಕೊಟ್ಟರು. ಆ ವರದಿಯ ಪ್ರತಿಯೂ ಅದೇ ಬೀಗ ಹಾಕಿದ ಬಾಗಿಲಿಗೆ ಹೋಗಿ ವಾಪಸ್ ಬಂತು. ಕೊನೆಗೆ ಜಿಲ್ಲೆಯ ಮೇಲಧಿಕಾರಿಗಳಿಂದ ಆದೇಶ ಬಂತು: ಸೇವೆಯಿಂದ ವಜಾ.

ಆದೇಶ ಬಂದು ಹದಿನೈದು ದಿನ ಆಗಿರಬಹುದು. ಬೆಳಗ್ಗೆ ಹನ್ನೊಂದರ ಹೊತ್ತಿಗೆ ಒಬ್ಬ ಹೆಣ್ಣುಮಗಳು ನನ್ನ ಮೇಜಿನ ಮುಂದೆ ಬಂದು ನಿಂತರು. ನಲವತ್ತರ ಮೇಲಿನ ವಯಸ್ಸು, ಇಸ್ತ್ರಿ ಮಾಡಿದ ಕಾಟನ್ ಸೀರೆ, ಕೈಯಲ್ಲಿ ಪ್ಲಾಸ್ಟಿಕ್ ಫೈಲು.

"ಸಾರ್, ನಾನು ಸೋಮವಾರದಿಂದ ಡ್ಯೂಟಿಗೆ ಹಾಜರಾಗ್ತೀನಿ. ನಮ್ಮನೆಯವ್ರು ಈಗ ಎದ್ದು ಓಡಾಡ್ತಾರೆ. ಆಸ್ಪತ್ರೆ ಕಾಗದ ಎಲ್ಲಾ ತಂದಿದೀನಿ. ಸಂಬಳ ಇಲ್ಲದ ರಜೆ ಅಂತ ಮಾಡ್ಕೊಟ್ರೂ ಪರವಾಗಿಲ್ಲ."

ಹೆಸರು ಹೇಳಿದರು. ಅಲ್ಲೇ ಕೂರಿ ಅಂತ ಕುರ್ಚಿ ತೋರಿಸಿ, ಕಡತ ತೆಗೆದು, ಆದೇಶದ ಪ್ರತಿಯನ್ನು ಅವರ ಮುಂದೆ ಇಟ್ಟೆ. ಬೇರೆ ಹೇಗೆ ಹೇಳಬೇಕೋ ತಿಳಿಯಲಿಲ್ಲ.

ಅವರು ಕನ್ನಡಕ ಹಾಕಿಕೊಂಡು ಮೊದಲ ಸಾಲಿನಿಂದ ಕೊನೆಯ ಸಾಲಿನವರೆಗೂ ಓದಿದರು. ಎರಡನೇ ಹಾಳೆಗೆ ಬಂದಾಗ ಬೆರಳು ಒಂದು ಕಡೆ ನಿಂತಿತು.

"ಇಲ್ಲಿ ಶಿಕ್ಷಕಿ ಅನ್ನೋದ್ರಲ್ಲಿ ಕ್ಷ-ಕ್ಕೆ ಗುಡಿಸು ಕೊಟ್ಟಿದಾರೆ ಸಾರ್. ಕೊಡಬೇಕಿರೋದು ಕ-ಕ್ಕೆ."

ಬೇರೆ ಏನೂ ಕೇಳಲಿಲ್ಲ. ಅಳಲೂ ಇಲ್ಲ. ನಾನು ತೋರಿಸಿದ ಜಾಗದಲ್ಲಿ ಸ್ವೀಕೃತಿಗೆ ಸಹಿ ಹಾಕಿ, ದಿನಾಂಕ ಹಾಕಿ, ಫೈಲನ್ನು ಎದೆಗೆ ಒತ್ತಿಕೊಂಡು ಹೊರಟುಹೋದರು. ಆ ಸಹಿ, ಕ್ಯಾಲೆಂಡರಿನ ಹಿಂದೆ ನಾನು ಕಂಡಿದ್ದ ಅದೇ ದುಂಡನೆಯ ಕೈಬರಹ.

ಎರಡು ನಿಮಿಷ ಕೂತಿದ್ದೆ. ಆಮೇಲೆ ಎದ್ದು ಬಸ್ ಸ್ಟ್ಯಾಂಡಿಗೆ ಓಡಿದೆ. ಅವರು ಕಲ್ಲುಬೆಂಚಿನ ಮೇಲೆ ಕೂತಿದ್ದರು. ಮುಂದೆ ನಿಂತಿದ್ದ ಬಸ್ಸು ಅವರ ಊರಿನದೇ, ಹತ್ತಿರಲಿಲ್ಲ.

"ಮೇಡಂ, ಇದು ಕೊನೆ ಅಲ್ಲ," ಅಂದೆ. "ಈ ಆದೇಶದ ಮೇಲೆ ಮೇಲ್ಮನವಿ ಹಾಕಬಹುದು. ಆದೇಶ ಕೈಗೆ ಸಿಕ್ಕಿದ ದಿನದಿಂದ ಮೂರು ತಿಂಗಳು ಟೈಮಿದೆ. ನಿಮಗೆ ಸಿಕ್ಕಿದ್ದು ಇವತ್ತು, ಅದಕ್ಕೇ ದಿನಾಂಕ ಹಾಕಿಸ್ಕೊಂಡಿದ್ದು. ಅಲ್ಲೂ ಆಗದಿದ್ರೆ ಬೆಂಗಳೂರಲ್ಲಿ ಆಡಳಿತ ನ್ಯಾಯಮಂಡಳಿ ಇದೆ. ಸರ್ಕಾರಿ ನೌಕರರ ಕೇಸು ನೋಡೋಕೇ ಇರೋ ಕೋರ್ಟು ಅದು. ಅದರ ಮೇಲೆ ಹೈಕೋರ್ಟು. ದಾರಿ ಇದೆ."

ಅವರು ನನ್ನ ಮುಖ ನೋಡಿದರು. "ಅಲ್ಲ ಸಾರ್, ನನಗೆ ಒಂದು ಕಾಗದನೂ ಬರಲಿಲ್ಲವಲ್ಲ? ರಜೆ ಮುಂದಕ್ಕೆ ಹಾಕಿ ಅಂತ ನಮ್ಮ ಶಾಲೆ ಇನ್ನೊಬ್ರು ಟೀಚರ್ ಕೈಲಿ ಚೀಟಿ ಕೊಟ್ಟು ಕಳಿಸಿದ್ದೆ. ಅದು ತಲುಪಿಲ್ಲ ಅಂತ ಈಗ ಗೊತ್ತಾಗ್ತಿದೆ. ಅದು ನನ್ನ ತಪ್ಪು, ಅಂಚೇಲಿ ಹಾಕಬೇಕಿತ್ತು. ಆದ್ರೆ ಪಕ್ಕದ ಮನೆ ಅಜ್ಜಿಗೆ ನಂಬರ್ ಕೊಟ್ಟಿದ್ದೆ. ಯಾರೂ ಬಂದು ಕೇಳಲೇ ಇಲ್ವಾ?"

ಆಗಲೇ ಹೇಳಬೇಕಿತ್ತು. "ಗೊತ್ತಿಲ್ಲ ಮೇಡಂ" ಅಂದೆ. ನನ್ನ ಜೀವನದಲ್ಲಿ ಮಹಜರಿನ ಆ ಸಾಲು ಒಂದು ಸುಳ್ಳು, ಇದು ಎರಡನೆಯದು. ಮೊದಲನೆಯದನ್ನು ಬರೆದಾಗ ಎದುರಿಗೆ ಬೀಗ ಹಾಕಿದ ಬಾಗಿಲಿತ್ತು. ಎರಡನೆಯದನ್ನು ಕಣ್ಣಿಗೆ ಕಣ್ಣಿಟ್ಟು ಹೇಳಿದೆ.

ಬದಲಿಗೆ ಮೇಲ್ಮನವಿ ಬರೆದುಕೊಡುವ ಮಾತು ಕೊಟ್ಟೆ. ಎರಡು ಭಾನುವಾರ ಅವರು ನಮ್ಮ ಮನೆಗೆ ಬಂದರು. ನನ್ನ ಹೆಂಡತಿ ಕುಚ್ಚು ಕಟ್ಟುತ್ತ ಒಂದು ಮೂಲೆಯಲ್ಲಿ, ನಾವು ಕಾಗದ ಹರಡಿಕೊಂಡು ಇನ್ನೊಂದು ಮೂಲೆಯಲ್ಲಿ. ನಾನು ಕಚೇರಿಯ ಕನ್ನಡದಲ್ಲಿ ಬರೆದರೆ ಅವರು ಅದನ್ನು ಮನುಷ್ಯರ ಕನ್ನಡಕ್ಕೆ ತಿದ್ದುತ್ತಿದ್ದರು. "ಸದರಿ ಸದರಿ ಅಂತ ಎಷ್ಟು ಸಲ ಸಾರ್? ನಾನು ಅಂತ ಬರೀರಿ, ಸಾಕು." ಆಸ್ಪತ್ರೆಯ ದಾಖಲೆಗಳನ್ನು ತಾರೀಖಿನ ಪ್ರಕಾರ ಜೋಡಿಸಿದೆವು. ಕೆಲಸ ಮುಗಿದ ಮೇಲೆ ಅವರು ನನ್ನ ಹೆಂಡತಿಯ ಪಕ್ಕ ಕೂತು ಕುಚ್ಚು ಕಟ್ಟುವುದನ್ನು ಕಲಿಯಲು ನೋಡುತ್ತಿದ್ದರು. ಬೆರಳು ತೊಡರಿ ಗಂಟಾದರೆ ಇಬ್ಬರೂ ನಗುತ್ತಿದ್ದರು. ಆ ನಗು ಕೇಳಿಸಿದಷ್ಟೂ ನನಗೆ ಕೂರಲು ಆಗುತ್ತಿರಲಿಲ್ಲ.

ಮೇಲ್ಮನವಿಗೆ ಉತ್ತರ ಬರಲು ಎಂಟು ತಿಂಗಳು ಹಿಡಿಯಿತು. ಅದರ ಒಂದು ಪ್ರತಿ ಕಚೇರಿಗೂ ಬಂತು, ನನ್ನ ಮೇಜಿಗೇ ಬಂತು. ತಿರಸ್ಕರಿಸಿದ್ದರು. ಕಾರಣ ಒಂದೇ ಪ್ಯಾರಾ. ಇಲಾಖೆಯು ಶಿಕ್ಷಕಿಯನ್ನು ತಲುಪಲು ಸಾಧ್ಯವಿರುವ ಎಲ್ಲ ಪ್ರಯತ್ನ ಮಾಡಿದೆ, ಸ್ಥಳ ಮಹಜರಿನಲ್ಲಿ 'ಹಾಲಿ ವಿಳಾಸವು ತಿಳಿದುಬಂದಿರುವುದಿಲ್ಲ' ಎಂದು ಸ್ಪಷ್ಟವಾಗಿ ದಾಖಲಾಗಿದೆ. ನನ್ನದೇ ಸಾಲು. ಅಕ್ಷರ ಬಿಡದೆ ಎತ್ತಿ ಹಾಕಿದ್ದರು.

ಅವತ್ತು ಮನೆಗೆ ಬಂದವನು ಚಪ್ಪಲಿ ಬಿಚ್ಚದೆ ಬಾಗಿಲಲ್ಲೇ ಕೂತುಬಿಟ್ಟೆ. ಹೆಂಡತಿ ಒಳಗಿನಿಂದ ಕೇಳಿದಳು, "ಕ್ಯಾ ಹುವಾ ಜೀ? ಚಾಯ್ ನಕ್ಕೋ ಕ್ಯಾ?" ಏನಾಯಿತು, ಟೀ ಬೇಡವೇ ಅಂತ. ಬೇಡ ಅಂದೆ. ಅವಳು ಬಂದು ಪಕ್ಕದಲ್ಲಿ ಕೂತಳು. ಎಲ್ಲ ಹೇಳಿದೆ. ಅಜ್ಜಿ, ಕ್ಯಾಲೆಂಡರು, ಡೈರಿ, ಬಸ್ ಸ್ಟ್ಯಾಂಡು.

ಅವಳು ನಮ್ಮ ಮನೆಮಾತಾದ ಉರ್ದುವಿನಲ್ಲಿ ಹೇಳಿದ್ದನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ. "ಆ ತಾಯಿ ಎರಡು ಭಾನುವಾರ ನಮ್ಮ ಮನೇಲಿ ಊಟ ಮಾಡಿದ್ರು. ನೀವು ಎದುರಿಗೆ ಕೂತು ಬಡಿಸಿದ್ರಿ. ಗಂಟಲಲ್ಲಿ ಹೇಗೆ ಇಳೀತು ನಿಮಗೆ?"

"ಇಳೀಲಿಲ್ಲ," ಅಂದೆ.

"ಹಾಗಾದ್ರೆ ಹೋಗಿ ಹೇಳಿ. ನನ್ನ ಹತ್ರ ಹೇಳಿದ್ರೆ ಏನು ಬಂತು? ಅವರಿಗೆ ಹೇಳಿ."

"ನನ್ನ ಕೆಲಸಕ್ಕೆ ತೊಂದ್ರೆ ಆದ್ರೆ?"

ಅವಳು ನನ್ನ ಮೊಣಕಾಲ ಮೇಲೆ ಕೈ ಇಟ್ಟಳು. "ಆಗಬಹುದು. ಆದ್ರೆ ಆಗಲಿ. ನಾನಿಲ್ವಾ?"

ಮುಂದಿನ ಭಾನುವಾರ ಸಾಸಲು ಬಸ್ಸು ಹತ್ತಿದೆ. ಅಲ್ಲಿ ಇಳಿದು ಅವರ ಅಣ್ಣನ ಊರಿಗೆ ನಡೆದುಹೋಗಬೇಕು. ರಾಗಿ ಕೊಯ್ಲಾಗಿ ಹೊಲಗಳು ಖಾಲಿ ಬಿದ್ದಿದ್ದವು. ಮನೆಯ ಮುಂದೆ ಹಲಸಿನ ಮರದ ನೆರಳಿನಲ್ಲಿ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಅವರ ಗಂಡ ಕೂತಿದ್ದರು. ಗಟ್ಟಿ ಆಳು, ಆದರೆ ಬಲಗೈ ಮಡಿಲಲ್ಲಿ ಸುಮ್ಮನೆ ಬಿದ್ದಿತ್ತು. ಎಡಗೈಯಲ್ಲಿ ಬಳಪ, ತೊಡೆಯ ಮೇಲೆ ಸ್ಲೇಟು. ಟೀಚರು ಪಕ್ಕದಲ್ಲಿ ಒಂದನೇ ತರಗತಿಯ ಪುಸ್ತಕ ಹಿಡಿದು ಮಣೆಯ ಮೇಲೆ ಕೂತಿದ್ದರು.

ಲಕ್ವ ಹೊಡೆದಾಗ ಅವರ ಮಾತಿನ ಜೊತೆ ಓದು ಬರಹವೂ ಹೋಗಿತ್ತಂತೆ. ತಮ್ಮ ಹೆಸರು ಕೂಡ ಬರೆಯಲು ಬರುತ್ತಿರಲಿಲ್ಲ. ಮಾತು ಕಲಿಸುವ ಡಾಕ್ಟರ ಹತ್ತಿರ ತಿಂಗಳಿಗೆ ಒಮ್ಮೆ ಹೋಗಿ ಬರುತ್ತಿದ್ದರು. ಉಳಿದ ದಿನಗಳಲ್ಲಿ ಟೀಚರೇ ಅ-ಆ-ದಿಂದ ಶುರುಮಾಡಿ ಕಲಿಸುತ್ತಿದ್ದರು. ಶಾಲೆಯಲ್ಲಿ ಮಕ್ಕಳಿಗೆ ಹೇಗೋ ಹಾಗೆ.

"ಬನ್ನಿ ಸಾರ್, ಬನ್ನಿ," ಅಂದರು ಟೀಚರು. ಗಂಡನ ಕಡೆ ತಿರುಗಿ, "ಇದು ಏನು ಹೇಳಿ? ಗೊತ್ತಲ್ಲ ನಿಮಗೆ," ಅಂತ ಪುಸ್ತಕದ ಚಿತ್ರ ತೋರಿಸಿದರು.

ಅವರು ತುಟಿ ಕೂಡಿಸಿ, ಬಿಚ್ಚಿ, ಮತ್ತೆ ಕೂಡಿಸಿ, "ಬ... ಬ... ಬಸವ," ಅಂದರು.

"ಶಹಬ್ಬಾಸ್!" ಅಂದರು ಟೀಚರು. ಆ ಗಂಡಸಿನ ಮುಖ ಅರಳಿದ ಪರಿ ನೋಡಿ ನಾನು ಬಂದ ಕೆಲಸವೇ ಮರೆತಂತಾಯಿತು. ಆದರೆ ಮರೆಯಲು ಆಗುತ್ತದೆಯೇ? ಟೀಚರನ್ನು ಸ್ವಲ್ಪ ಈಚೆ ಕರೆದು, ನಿಂತೇ ಹೇಳಿದೆ. ಅಜ್ಜಿ ಹೇಳಿದ್ದು, ನಾನು ಬರೆದುಕೊಂಡದ್ದು, ಮಹಜರಿನಲ್ಲಿ ಬರೆದದ್ದು. ಡೈರಿಯ ಆ ಹಾಳೆಯನ್ನು ತೋರಿಸಿದೆ.

ಅವರು ತಮ್ಮದೇ ನಂಬರನ್ನು ನನ್ನ ಕೈಬರಹದಲ್ಲಿ ನೋಡಿದರು. ಡೈರಿಯನ್ನು ವಾಪಸ್ ಕೊಟ್ಟು ಒಳಗೆ ಹೋದರು. ನಾನು ಅಂಗಳದಲ್ಲಿ ನಿಂತಿದ್ದೆ. ಹೋಗಲೋ, ನಿಲ್ಲಲೋ ತಿಳಿಯಲಿಲ್ಲ. ಅವರ ಗಂಡ ನನ್ನನ್ನು ನೋಡಿ ಎಡಗೈಯಿಂದ ಪಕ್ಕದ ಮಣೆ ತೋರಿಸಿದರು, ಕೂರು ಅಂತ. ಕೂತೆ.

ಟೀಚರು ಹೊರಬಂದಾಗ ಕೈಯಲ್ಲಿ ಮಜ್ಜಿಗೆಯ ಲೋಟ ಇತ್ತು. ಕಣ್ಣು ಕೆಂಪಾಗಿತ್ತು.

"ತಗೊಳ್ಳಿ, ಬಿಸಿಲಲ್ಲಿ ನಡ್ಕೊಂಡು ಬಂದಿದೀರ. ನನಗೆ ನಿಮ್ಮ ಮೇಲೆ ಕೋಪ ಇದೆ ಸಾರ್, ಇಲ್ಲ ಅನ್ನಲ್ಲ. ಕೋಪ ಇಟ್ಕೊಂಡೇ ಕೊಡ್ತಾ ಇದೀನಿ. ಕುಡೀರಿ."

ಕುಡಿದೆ. ಅವರು ಎದುರಿಗೆ ಕೂತರು.

"ಈ ಒಂದೂವರೆ ವರ್ಷ ನಾನೇನು ಅಂದ್ಕೊಂಡಿದ್ದೆ ಗೊತ್ತಾ? ಇಷ್ಟು ವರ್ಷ ಕೆಲಸ ಮಾಡಿದೆ, ಒಬ್ರಿಗೂ ನನ್ನನ್ನ ಹುಡುಕಬೇಕು ಅನ್ನಿಸಲಿಲ್ವಲ್ಲ ಅಂತ. ಅದೇ ಹೆಚ್ಚು ನೋಯ್ತಿತ್ತು. ಈಗ ನೋಡಿದ್ರೆ ಹುಡ್ಕೊಂಡು ಬಂದಿದ್ರಿ. ಬಾಗಿಲ ತನಕ ಬಂದಿದ್ರಿ. ಇದಕ್ಕೆ ಸಂತೋಷ ಪಡಬೇಕೋ ಏನು ಮಾಡಬೇಕೋ ನನಗೆ ತಿಳೀತಿಲ್ಲ."

ತಪ್ಪಾಯಿತು ಅಂದೆ. "ಹೂಂ," ಅಂದರು. ನಾನು ಹೊರಟಾಗ ಬಸ್ಸಿನ ಟೈಮು ಹೇಳಿ, ಬೇಗ ನಡೀರಿ, ಇದು ತಪ್ಪಿದರೆ ಇನ್ನೊಂದು ತಡ ಅಂದರು.

ನ್ಯಾಯಮಂಡಳಿಗೆ ಹೋಗಲು ವಕೀಲರು ಬೇಕಿತ್ತು. ಟೀಚರ ಅಣ್ಣ ಒಬ್ಬ ವಕೀಲೆಯನ್ನು ಹುಡುಕಿದರು. ಐವತ್ತು ದಾಟಿದ ಹೆಂಗಸು, ನೌಕರರ ಕೇಸುಗಳನ್ನೇ ನೋಡುವವರು, ಮಾತು ಕಮ್ಮಿ. ಬೆಂಗಳೂರಿನ ಅವರ ಪುಟ್ಟ ಕಚೇರಿಯಲ್ಲಿ ಟೀಚರು, ಅವರ ಅಣ್ಣ, ನಾನು ಮೂವರೂ ಕೂತೆವು. ವಕೀಲರು ಕಡತದ ನಕಲು ಓದಿ ಪೆನ್ಸಿಲಿನಿಂದ ಎರಡು ಕಡೆ ಗೀಟು ಹಾಕಿದರು.

"ನೋಡಿ, ಸರ್ಕಾರಿ ನೌಕರರನ್ನ ವಜಾ ಮಾಡೋ ಮುಂಚೆ ಅವರ ಮಾತು ಕೇಳಬೇಕು. ಇದು ಸಂವಿಧಾನದಲ್ಲೇ ಇದೆ. ದೋಷಾರೋಪಣ ಪಟ್ಟಿ ಕೈಗೆ ಸಿಗಬೇಕು, ವಿಚಾರಣಾ ವರದಿ ಕೈಗೆ ಸಿಗಬೇಕು, ಉತ್ತರ ಕೊಡೋಕೆ ಟೈಮ್ ಸಿಗಬೇಕು. ಇಲ್ಲಿ ಯಾವುದೂ ಆಗಿಲ್ಲ. ಆದ್ರೆ ಸರ್ಕಾರದ ವಕೀಲರು ಏನಂತಾರೆ? ನಾವು ಹುಡುಕಿದ್ವಿ, ಸಿಗಲಿಲ್ಲ, ಮಹಜರು ನೋಡಿ ಅಂತಾರೆ." ಮಹಜರಿನ ಹಾಳೆ ನನ್ನ ಕಡೆ ತಿರುಗಿಸಿದರು. "ಇದು ನಿಮ್ಮ ಸಹಿ ಅಲ್ವಾ?"

"ಹೌದಮ್ಮ."

"ಇದು ಸರಿಯಿಲ್ಲ ಅಂತ ನೀವು ಪ್ರಮಾಣಪತ್ರ ಕೊಟ್ರೆ ಕೇಸು ಗಟ್ಟಿ. ಕೊಟ್ರೆ ನಿಮ್ಮ ಮೇಲೆ ಇಲಾಖೆ ಕ್ರಮ ತಗೊಳ್ಳುತ್ತೆ, ಅದೂ ಗ್ಯಾರಂಟಿ. ನಾನು ಒತ್ತಾಯ ಮಾಡಲ್ಲ. ಆ ಅಜ್ಜಿ ಹೇಳಿಕೆ ಇಟ್ಕೊಂಡೂ ಪ್ರಯತ್ನ ಮಾಡಬಹುದು."

ನಾನು ಬಾಯಿ ತೆರೆಯುವ ಮೊದಲೇ ಟೀಚರು ಹೇಳಿದರು, "ಬೇಡ ಮೇಡಂ. ಅಜ್ಜಿ ಹೇಳಿಕೆ ಸಾಕು. ಕೆಲಸ ಹೋದ್ರೆ ಮನೇಲಿ ಹೇಗಿರುತ್ತೆ ಅಂತ ನನಗೆ ಗೊತ್ತು. ಇವರ ಮನೇಲಿ ಅದು ಆಗೋದು ಬೇಡ."

ಕೋಪ ಇದೆ ಅಂದಿದ್ದವರು ಅವರು. ಆ ಕೋಪ ಇನ್ನೂ ಇಳಿದಿರಲಿಲ್ಲ, ಬರುವಾಗ ಬಸ್ಸಿನಲ್ಲಿ ನನ್ನ ಜೊತೆ ನಾಲ್ಕು ಮಾತೂ ಆಡಿರಲಿಲ್ಲ.

"ಬರೀರಿ ಅಮ್ಮ," ಅಂದೆ ವಕೀಲರಿಗೆ. "ಮನೇಲಿ ಹೇಳಿಯೇ ಬಂದಿದೀನಿ."

ಪ್ರಮಾಣಪತ್ರ ಒಂದೂವರೆ ಪುಟ ಆಯಿತು. ನಾನು ಕಂಡದ್ದು, ಕೇಳಿದ್ದು, ಬರೆದದ್ದು. ಡೈರಿಯ ಹಾಳೆಯ ನಕಲನ್ನೂ ಲಗತ್ತಿಸಿದರು. ಅಜ್ಜಿಯನ್ನು ನೋಡಲು ಟೀಚರು ಡಾಬಸ್‌ಪೇಟೆಗೆ ಹೋದಾಗ ಅಜ್ಜಿ ಹೇಳಿಕೆಗೆ ಹೆಬ್ಬೆಟ್ಟು ಒತ್ತಿ, "ಆ ವಯ್ಯ ಬರ್ಕೊಂಡ, ನಾನೇ ನೋಡ್ದೆ. ಅವರೆಕಾಳು ಕೊಡ್ಲಾ ಅಂತ ಕೇಳಿದ್ದೆ, ಬೇಡ ಅಂದ," ಎಂದರಂತೆ. ಅವರೆಕಾಳಿನ ವಿಷಯ ನಾನು ಮರೆತೇಬಿಟ್ಟಿದ್ದೆ.

ನ್ಯಾಯಮಂಡಳಿ ಅಂದರೆ ಏನೋ ದೊಡ್ಡದು ಅಂತ ಟೀಚರು ಹೆದರಿದ್ದರು. ಹೋದರೆ ಸಾಧಾರಣ ಸರ್ಕಾರಿ ಕಟ್ಟಡ, ಉದ್ದನೆಯ ಬೆಂಚುಗಳು, ನಮ್ಮಂಥದೇ ಜನ. ಪೊಲೀಸಿನವರು, ನರ್ಸುಗಳು, ಗ್ರಾಮಲೆಕ್ಕಿಗರು, ಎಲ್ಲರ ಕೈಯಲ್ಲೂ ಪ್ಲಾಸ್ಟಿಕ್ ಫೈಲು. ಒಂದೊಂದು ಸಲ ಹೋದಾಗಲೂ ಕೇಸು ಮುಂದಕ್ಕೆ ಹೋಗುತ್ತಿತ್ತು. ಸರ್ಕಾರದ ಕಡೆಯವರು ಆಕ್ಷೇಪಣೆ ಹಾಕಲು ಸಮಯ ಕೇಳಿದರು, ಮೂಲ ಕಡತ ತರಲು ಸಮಯ ಕೇಳಿದರು. ನನಗೆ ರಜೆ ಸಿಕ್ಕ ದಿನ ನಾನೂ ಹೋಗುತ್ತಿದ್ದೆ. ನಿಧಾನವಾಗಿ ಟೀಚರು ನನ್ನ ಜೊತೆ ಮಾತಾಡತೊಡಗಿದರು. ಗಂಡ ಈಗ ಎಷ್ಟು ಮಾತು ಆಡುತ್ತಾರೆ, ಯಾವ ಒತ್ತಕ್ಷರ ಇನ್ನೂ ಕಷ್ಟ ಅಂತ ಹೇಳುತ್ತಿದ್ದರು. ಅಣ್ಣನ ಊರಿನ ಮಕ್ಕಳು ಸಂಜೆ ಹೊತ್ತು ಸ್ಲೇಟು ಹಿಡಿದು ಬಂದು ಅವರ ಗಂಡನ ಪಕ್ಕದಲ್ಲೇ ಕೂತು ಕಲಿಯುತ್ತಿದ್ದರಂತೆ. "ನಮ್ಮನೆಯವ್ರಿಗೆ ನಾಚಿಕೆ ಇಲ್ಲ ಸಾರ್, ಮಕ್ಕಳಿಗೂ ಇಲ್ಲ. ಯಾರಿಗೆ ಮೊದಲು ಬರುತ್ತೋ ಅಂತ ಪೈಪೋಟಿ." ಹೆಂಡತಿ ನನ್ನ ಬುತ್ತಿಯಲ್ಲಿ ಯಾವಾಗಲೂ ಇಬ್ಬರಿಗಾಗುವಷ್ಟು ಕಟ್ಟಿಕೊಡುತ್ತಿದ್ದಳು. ಬೆಂಚಿನ ಮೇಲೆ ಕೂತು ಹಂಚಿಕೊಂಡು ತಿನ್ನುತ್ತಿದ್ದೆವು.

ತೀರ್ಪಿನ ದಿನ ನನಗೆ ರಜೆ ಸಿಗಲಿಲ್ಲ. ಮಧ್ಯಾಹ್ನ ಫೋನು ಬಂತು.

"ಸಾರ್, ವಜಾ ಆದೇಶ ರದ್ದು ಮಾಡಿದಾರೆ," ಅಂದರು. ಹಿಂದಿನಿಂದ ಬೆಂಗಳೂರಿನ ವಾಹನಗಳ ಸದ್ದು ಕೇಳುತ್ತಿತ್ತು.

ಪೂರ್ತಿ ಗೆಲುವೇನಲ್ಲ ಅದು. ಶಿಕ್ಷಕಿಯನ್ನು ಕೆಲಸಕ್ಕೆ ಮತ್ತೆ ತೆಗೆದುಕೊಳ್ಳಬೇಕು, ಇಲಾಖೆಗೆ ಬೇಕಿದ್ದರೆ ದೋಷಾರೋಪಣ ಪಟ್ಟಿಯನ್ನು ಸರಿಯಾಗಿ ಕೈಗೆ ಕೊಟ್ಟು, ಅವರ ಮಾತು ಕೇಳಿ, ಹೊಸದಾಗಿ ವಿಚಾರಣೆ ನಡೆಸಬಹುದು, ನಡುವಿನ ಕಾಲವನ್ನು ಹೇಗೆ ಪರಿಗಣಿಸುವುದೆಂದು ಆಮೇಲೆ ತೀರ್ಮಾನ ಆಗಲಿ ಎಂದಿತ್ತು ತೀರ್ಪು. ಇಲಾಖೆ ಹೊಸ ವಿಚಾರಣೆ ನಡೆಸಿತು. ಈ ಸಲ ಟೀಚರು ಎದುರಿಗೆ ಕೂತು ಉತ್ತರ ಕೊಟ್ಟರು. ಗಂಡನ ಕಾಯಿಲೆ ದಾಖಲೆ ಸಮೇತ ಹೇಳಿದರು, ರಜೆಯ ಅರ್ಜಿಯನ್ನು ಅಂಚೆಯಲ್ಲಿ ಕಳಿಸದೆ ಇದ್ದದ್ದು ತಮ್ಮ ತಪ್ಪು ಅಂತಲೂ ಒಪ್ಪಿಕೊಂಡರು. ಹಾಗೆ ಒಪ್ಪಿಕೊಳ್ಳಬೇಡಿ ಎಂದು ವಕೀಲರು ಹೇಳಿದ್ದರಂತೆ. "ಮಕ್ಕಳಿಗೆ ತಪ್ಪು ಒಪ್ಕೊಳ್ಳಿ ಅಂತ ಹೇಳ್ಕೊಡೋಳು ನಾನು," ಅಂದರು ನನಗೆ. ಗೈರುಹಾಜರಿಯ ಕಾಲವನ್ನು ಸಂಬಳವಿಲ್ಲದ ರಜೆ ಎಂದು ಮಾಡಿ, ಸೇವೆ ತುಂಡಾಗದಂತೆ ಉಳಿಸಿ, ಒಂದು ವಾರ್ಷಿಕ ವೇತನ ಬಡ್ತಿ ತಡೆಹಿಡಿದು ಮುಗಿಸಿದರು. ಕೆಲಸ ಉಳಿಯಿತು.

ನನಗೂ ನೋಟಿಸು ಬಂತು. ಸುಳ್ಳು ಮಹಜರು ಬರೆದದ್ದಕ್ಕೆ. ನಾನು ಒಪ್ಪಿಕೊಂಡು ಎರಡು ಸಾಲಿನ ಉತ್ತರ ಕೊಟ್ಟೆ. ನನಗೂ ಒಂದು ವೇತನ ಬಡ್ತಿ ತಡೆ, ಜೊತೆಗೆ ಹೊಸಕೋಟೆಗೆ ವರ್ಗ. ಕಚೇರಿಯಲ್ಲಿ ಕೆಲವರು ಮಾತು ಬಿಟ್ಟರು. "ನಮ್ಮ ಕಡತಾನೇ ಕೋರ್ಟಲ್ಲಿ ಬಿಚ್ಚಿಟ್ಟನಲ್ಲ," ಅನ್ನುತ್ತಿದ್ದರು. ಆ ಸಾಹೇಬರು ಅಷ್ಟರಲ್ಲಿ ನಿವೃತ್ತರಾಗಿದ್ದರು. ಒಂದು ಸಲ ಮದುವೆ ಮನೆಯಲ್ಲಿ ಸಿಕ್ಕಾಗ ನನ್ನ ಭುಜದ ಮೇಲೆ ಕೈ ಹಾಕಿ, "ನಾನೇ ಅವಸರ ಮಾಡಿದೆ ಕಣಪ್ಪಾ," ಅಂದರು. ಆ ಮಾತು ನನಗೆ ಬೇಕಿತ್ತು.

ಬಡ್ತಿಯ ವಿಷಯ ಕೇಳಿ ಟೀಚರು ಫೋನಿನಲ್ಲಿ ನಕ್ಕರು. "ಬಿಡಿ ಸಾರ್, ನಿಮಗೂ ಒಂದು, ನನಗೂ ಒಂದು."

ಅವರನ್ನು ಹಳೇ ಶಾಲೆಗೆ ಹಾಕಲಿಲ್ಲ, ದೇವನಹಳ್ಳಿ ತಾಲ್ಲೂಕಿನ ಒಂದು ಹಳ್ಳಿಗೆ ಹಾಕಿದರು. ಅಲ್ಲೇ ಮನೆ ಮಾಡಿಕೊಂಡು ಗಂಡನನ್ನು ಕರೆತಂದಿದ್ದಾರೆ. ಮೊದಲ ದಿನ ಒಂದನೇ ತರಗತಿಗೆ ಹೋದಾಗ ಹಾಜರಿ ಪುಸ್ತಕ ಹಿಡಿದ ಕೈ ನಡುಗಿತಂತೆ. ಒಂದು ಮಗು, "ಮಿಸ್, ಚಳೀನಾ?" ಅಂತ ಕೇಳಿತಂತೆ.

ಹೋದ ತಿಂಗಳು ಅವರ ಅಣ್ಣನ ಮಗಳ ಮದುವೆಗೆ ಸೀರೆ ತೆಗೆಯಲು ಗಂಡ ಹೆಂಡತಿ ಇಬ್ಬರೂ ದೊಡ್ಡಬಳ್ಳಾಪುರಕ್ಕೆ ಬಂದಿದ್ದರು. ನನ್ನ ಹೆಂಡತಿ ಅವರನ್ನು ಪರಿಚಯದ ಮಗ್ಗದ ಮನೆಗೆ ಕರೆದುಕೊಂಡು ಹೋದಳು. ಹೆಂಗಸರಿಬ್ಬರೂ ಒಳಗೆ, ನಾವಿಬ್ಬರೂ ಹೊರಗಿನ ಕಲ್ಲಿನ ಮೇಲೆ. ಒಂದು ಗಂಟೆ ಆಯಿತು. ಒಳಗಿನಿಂದ ಮಗ್ಗದ ಸದ್ದು, ನಡುನಡುವೆ ಇವರಿಬ್ಬರ ಮಾತು: ಅಂಚು ದೊಡ್ಡದಾಯಿತು, ಬಣ್ಣ ಗಾಢವಾಯಿತು, ಇನ್ನೊಂದು ತೋರಿಸಿ. ಅವರ ಗಂಡ ಕೋಲನ್ನು ಮೊಣಕಾಲಿಗೆ ಒರಗಿಸಿ ಬೀದಿ ನೋಡುತ್ತ ಕೂತಿದ್ದರು. ನನಗೂ ಅವರಿಗೂ ಮಾತು ಕಡಿಮೆ. ಅವರಿಗೆ ಪದ ಸಿಗಲು ಹೊತ್ತು ಬೇಕು, ನನಗೆ ಅವರ ಮುಂದೆ ಇನ್ನೂ ಸಂಕೋಚ.

ಟೀ ತರಿಸಿದೆ. ಎಡಗೈಯಲ್ಲಿ ಲೋಟ ಹಿಡಿದು ಒಂದು ಗುಟುಕು ಕುಡಿದರು. ಆಮೇಲೆ ನನ್ನ ಕಡೆ ತಿರುಗಿ, ಬಾಗಿಲ ಕಡೆ ಕಣ್ಣು ಹಾಯಿಸಿ, ಒಂದೊಂದೇ ಅಕ್ಷರ ಕೂಡಿಸಿ ಹೇಳಿದರು:

"ಸಾಬ್ರೇ... ಇವ್ರು... ಇವತ್ತು... ಮುಗ್ಸಲ್ಲ."

ಇಬ್ಬರೂ ನಕ್ಕೆವು. ಒಳಗಿನಿಂದ ನನ್ನ ಹೆಂಡತಿ, ಏನು ನಗು ಅದು ಅಂತ ಕೇಳಿದಳು. ಏನಿಲ್ಲ, ನಿಧಾನಕ್ಕೆ ನೋಡಿ ಅಂದೆ.